ಮುತ್ತಮ್ಮನೋ, ಮುಕ್ತಾಳೋ, ಕಿಯಾರಾಳೋ: ಮಗುವಿಗೆ ಯಾವ ಭಾಷೆಯ ಹೆಸರು ಇಡೋದು?

ನನ್ನ ತಮ್ಮನಿಗೆ ಮಗಳು ಹುಟ್ಟಿದ ಮೂರನೇ ದಿನಕ್ಕೇ ಫೋನ್ ಬಂತು. "ಅಕ್ಕ, ಹೆಸರು ನೀನೇ ನೋಡ್ಬೇಕು. ಸೋದರತ್ತೆ ಅಲ್ವಾ?" ನಮ್ಮ ಕಡೆ ತೊಟ್ಟಿಲಿಗೆ ಹಾಕುವ ದಿನ ಮಗುವಿನ ಕಿವಿಯಲ್ಲಿ ಮೊದಲು ಹೆಸರು ಹೇಳುವವಳು ಸೋದರತ್ತೆ. ಹಾಗಾಗಿ ಕೆಲಸ ನನ್ನ ಪಾಲಿಗೆ ಬಂತು.

ಅಷ್ಟು ಹೊತ್ತಿಗೆ ಮನೆಯಲ್ಲಿ ಮೂರು ಪಕ್ಷ ಆಗಿತ್ತು. ಅಮ್ಮನಿಗೆ ಅವಳ ಅತ್ತೆಯ, ಅಂದರೆ ನಮ್ಮ ಅಜ್ಜಿಯ ಹೆಸರೇ ಬೇಕು: ಮುತ್ತಮ್ಮ. ತಮ್ಮನ ಹೆಂಡತಿಗೆ 'ಕಿಯಾರಾ' ಇಷ್ಟ. ತಮ್ಮ ಮುಂದೆ ಹೊರದೇಶಕ್ಕೆ ಹೋಗುವ ಯೋಚನೆಯಲ್ಲಿದ್ದಾನೆ. ಅವನಿಗೆ ಎಲ್ಲಿ ಹೋದರೂ ಜನ ತೊದಲದೆ ಕರೆಯುವ ಹೆಸರು ಬೇಕು.

ಹೆಸರಿಡೋಕೆ ಎರಡು ತಿಂಗಳು ಸಮಯ ಇತ್ತು. ಒಂದು ನೋಟ್‌ಬುಕ್ ಇಟ್ಟುಕೊಂಡು ಹೆಸರುಗಳ ಬೆನ್ನು ಹತ್ತಿದೆ. ನೋಡಿದ್ದು, ಹೋಲಿಸಿದ್ದು, ಬಿಟ್ಟದ್ದು ಎಲ್ಲವನ್ನೂ ಇಲ್ಲಿ ಬರೆಯುತ್ತಿದ್ದೇನೆ. ಈಗ ಇದೇ ಕೆಲಸದಲ್ಲಿ ಕೂತಿರುವವರಿಗೆ ಉಪಯೋಗಕ್ಕೆ ಬರಲಿ. ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಒಳ್ಳೆ ಅರ್ಥದ ಹೆಸರು ಎಲ್ಲ ಭಾಷೆಯಲ್ಲೂ ಬೇಕಾದಷ್ಟಿವೆ. ಅರ್ಥ ಒಂದನ್ನೇ ಹಿಡಿದುಕೊಂಡು ಹೊರಟರೆ ಯಾವತ್ತೂ ತೀರ್ಮಾನ ಆಗಲ್ಲ. ಆ ಹೆಸರನ್ನು ದಿನಾ ಕರೆಯುವವರು ಯಾರು, ಅವರ ಬಾಯಲ್ಲಿ ಅದು ಏನಾಗುತ್ತೆ ಅಂತ ನೋಡಿದರೆ ದಾರಿ ಬೇಗ ಕಾಣುತ್ತೆ.

ಒಂದೇ ಮುತ್ತು, ಎಷ್ಟೊಂದು ಹೆಸರು

ಅಜ್ಜಿಯ ಹೆಸರಿನಿಂದಲೇ ಶುರು ಮಾಡಿದೆ. ಮುತ್ತು ಅನ್ನುವ ಅರ್ಥ ಬೇರೆ ಭಾಷೆಗಳಲ್ಲಿ ಯಾವ ಹೆಸರಾಗಿದೆ ಅಂತ ಹುಡುಕಿದೆ. ಗ್ರೀಕಿನಲ್ಲಿ ಮುತ್ತಿಗೆ 'ಮಾರ್ಗರೀತೀಸ್' ಅನ್ನುತ್ತಿದ್ದರು. ಇಂಗ್ಲಿಷಿನ ಮಾರ್ಗರೆಟ್, ಸ್ಪೇನಿನ ಮಾರ್ಗರೀಟಾ, ಜರ್ಮನರ ಗ್ರೇಟಾ ಎಲ್ಲ ಬಂದಿದ್ದು ಅಲ್ಲಿಂದ. ನಮ್ಮೂರುಗಳಲ್ಲೂ ಕೇಳುವ ರೀಟಾ ಕೂಡ ಮಾರ್ಗರೀಟಾದ ಬಾಲ. ಫಿನ್‌ಲೆಂಡಿನಲ್ಲಿ ಹೆಣ್ಣುಮಕ್ಕಳಿಗೆ 'ಹೆಲ್ಮಿ' ಅಂತ ಇಡುತ್ತಾರೆ, ಅದೂ ಮುತ್ತೇ. ಅರಬ್ಬಿಯಲ್ಲಿ 'ಲೂಲೂ'. ಸಂಸ್ಕೃತದಲ್ಲಿ ಮುಕ್ತಾ, ಮೌಕ್ತಿಕ. ಮುಕ್ತಾ ಅಂದರೆ ಬಿಡುಗಡೆ ಹೊಂದಿದವಳು ಅಂತಲೂ ಆಗುತ್ತೆ. ಸಂಸ್ಕೃತದ ಮುಕ್ತಾದಿಂದ ನಮ್ಮ ಮುತ್ತು ಬಂತು ಅಂತ ಕೆಲವರು ಹೇಳುತ್ತಾರೆ. ಇಲ್ಲ, ದಕ್ಷಿಣದ ಮುತ್ತೇ ಅಲ್ಲಿಗೆ ಹೋಗಿ ಮುಕ್ತಾ ಆಯ್ತು ಅನ್ನುವ ಭಾಷಾ ವಿದ್ವಾಂಸರೂ ಇದ್ದಾರೆ. ತಮಿಳಿನಲ್ಲಿ ಮುತ್ತು ಗಂಡಸರ ಹೆಸರೂ ಹೌದು. ಕನ್ನಡದಲ್ಲಿ ಈ ಪದಕ್ಕೆ ಇನ್ನೊಂದು ಅರ್ಥವೂ ಇದೆ. ಕೆನ್ನೆಗೆ ಕೊಡೋದೂ ಮುತ್ತೇ.

ಹೀಗೆ ಹುಡುಕುತ್ತಾ ಹೋದರೆ ಜಗತ್ತಿನ ಅಪ್ಪ ಅಮ್ಮಂದಿರೆಲ್ಲ ಒಂದೇ ತರಹ ಯೋಚನೆ ಮಾಡಿದ್ದಾರೆ ಅನ್ನಿಸುತ್ತೆ. 'ದೇವರು ಕೊಟ್ಟ ಮಗು' ಅನ್ನೋದನ್ನೇ ನೋಡಿ. ಸಂಸ್ಕೃತದಲ್ಲಿ ದೇವದತ್ತ. ಗ್ರೀಕಿನಲ್ಲಿ ಥಿಯೋಡೋರ್, ಹೆಣ್ಣಾದರೆ ಡೊರೊಥಿ. ರಷ್ಯನ್ನರ ಫ್ಯೋದೋರ್ ಅದೇ ಥಿಯೋಡೋರ್. ಹೀಬ್ರೂವಿನಲ್ಲಿ ಜೊನಾಥನ್, ನಥಾನಿಯೆಲ್. ಪೋಲೆಂಡ್ ಕಡೆಯ ಸ್ಲಾವ್ ಜನರಲ್ಲಿ ಬೊಗ್ದಾನ್. ಅರಬ್ಬಿಯಲ್ಲಿ ಅತಾವುಲ್ಲಾ, ಪಾರ್ಸಿಯಲ್ಲಿ ಖುದಾಬಕ್ಷ್. ನಮ್ಮ ಬೇಂದ್ರೆಯವರ ಕಾವ್ಯನಾಮ ಅಂಬಿಕಾತನಯದತ್ತ. ಅದರೊಳಗಿನ 'ದತ್ತ' ಅನ್ನುವ ಪದದ ಅರ್ಥವೂ 'ಕೊಟ್ಟದ್ದು' ಅಂತಲೇ.

ಪೀಟರ್ ಅಂದರೆ ಗ್ರೀಕಿನಲ್ಲಿ ಬಂಡೆ. ನಮ್ಮ ಕಲ್ಲಪ್ಪ, ಕಲ್ಲಮ್ಮ ನೆನಪಾಗಲ್ವಾ? ಜಾರ್ಜ್ ಅಂದರೆ ಭೂಮಿಯಲ್ಲಿ ಕೆಲಸ ಮಾಡುವವನು, ಸರಿಯಾಗಿ ಹೇಳಬೇಕೆಂದರೆ ಒಕ್ಕಲಿಗ. ಮಂಗಳೂರಿನಲ್ಲಿ 1930ರ ಜೂನ್ 3ರಂದು ಹುಟ್ಟಿದ ಜಾರ್ಜ್ ಫರ್ನಾಂಡಿಸ್ ಅವರಿಗೆ ತಾಯಿ ಆ ಹೆಸರಿಟ್ಟಿದ್ದು ಐದನೇ ಜಾರ್ಜ್ ದೊರೆಯ ಮೇಲಿನ ಅಭಿಮಾನದಿಂದ. ದೊರೆ ಹುಟ್ಟಿದ್ದೂ ಅದೇ ತಾರೀಕು. ಮೂಲದಲ್ಲಿ ಮಾತ್ರ ಅದು ಮಣ್ಣಿನ ಹೆಸರು. ಹೀಬ್ರೂವಿನ ಡೆಬೊರಾ, ಗ್ರೀಕಿನ ಮೆಲಿಸಾ ಎರಡಕ್ಕೂ ಅರ್ಥ ಜೇನುನೊಣ. ಕಟೀಲಿನ ದುರ್ಗೆಯ ಕಥೆ ಗೊತ್ತಿರುವವರಿಗೆ ಭ್ರಾಮರಿ, ಭ್ರಮರಾಂಬ ಕೂಡಲೇ ಹೊಳೆಯುತ್ತೆ. ದೇವಿ ದುಂಬಿಯಾಗಿ ಬಂದು ಅರುಣಾಸುರನನ್ನು ಕೊಂದ ಕಥೆ ಅದು.

ಅರ್ಥ ಎಲ್ಲ ಕಡೆ ಹೀಗೆ ಸಿಕ್ಕುತ್ತೆ ಅಂದ ಮೇಲೆ ಆಯ್ಕೆ ಯಾವುದರ ಮೇಲೆ? ಭಾಷೆಯ ಮೇಲೆ. ಒಂದೊಂದನ್ನೇ ನೋಡೋಣ.

ಕನ್ನಡದ ಹೆಸರು

ಕನ್ನಡದಲ್ಲಿ ಹೆಸರೇ ಇಲ್ಲ, ಇರೋದೆಲ್ಲ ಹಳ್ಳಿ ಹೆಸರು ಅನ್ನುವವರು ಜಾಸ್ತಿ. ನನಗೂ ಹಾಗೇ ಅನ್ನಿಸಿತ್ತು. ಹುಡುಕಿದ ಮೇಲೆ ಅಭಿಪ್ರಾಯ ಬದಲಾಯ್ತು.

ಮೊದಲು ಶುದ್ಧ ಕನ್ನಡದ ಪದಗಳು. ಚೆನ್ನ ಅಂದರೆ ಚೆಲುವು: ಕಿತ್ತೂರಿನ ಚೆನ್ನಮ್ಮ, ಕೆಳದಿಯ ಚೆನ್ನಮ್ಮ. ಅರಬ್ಬಿಯ ಜಮೀಲಾಗೂ ಇದೇ ಅರ್ಥ. ಹೊನ್ನು ಅಂದರೆ ಬಂಗಾರ: ಚಿಕ್ಕದೇವರಾಜ ಒಡೆಯರ ಕಾಲದಲ್ಲಿ 'ಹದಿಬದೆಯ ಧರ್ಮ' ಬರೆದ ಸಂಚಿ ಹೊನ್ನಮ್ಮ. ಅದರ ಹಳಗನ್ನಡ ರೂಪ ಪೊನ್ನು. ಹತ್ತನೇ ಶತಮಾನದ ಕವಿ ಪೊನ್ನನ ಹೆಸರಿನಲ್ಲೂ, ಕೊಡಗಿನ ಪೊನ್ನಪ್ಪನ ಹೆಸರಿನಲ್ಲೂ ಅದೇ ಇದೆ. ಮಲ್ಲಿಗೆ, ತಾವರೆ, ನೇಸರ, ಬೆಳಕು, ಮುಗಿಲು, ಇಬ್ಬನಿ, ಒಲವು ಇವನ್ನೆಲ್ಲ ಈಗ ಮಕ್ಕಳಿಗೆ ಇಡುತ್ತಿದ್ದಾರೆ. ಕೇಳೋಕೆ ನನಗೆ ತುಂಬಾ ಖುಷಿ.

ಇನ್ನೊಂದು ಗುಂಪು ಇದೆ. ನನ್ನ ಮನಸ್ಸಿಗೆ ಹಿಡಿಸಿದ್ದು ಅದೇ. ಸಂಸ್ಕೃತದಿಂದ ಬಂದು, ಕನ್ನಡದ ಬಾಯಲ್ಲಿ ಅರೆದು ನುಣ್ಣಗಾದ ಹೆಸರುಗಳು. ವೃಷಭ ನಮ್ಮ ಬಾಯಲ್ಲಿ ಬಸವ ಆಯ್ತು. ರತ್ನ ರನ್ನ ಆಯ್ತು. ಬ್ರಹ್ಮ ಬೊಮ್ಮ ಆದ, ಅವನಿಂದ ಬೊಮ್ಮಯ್ಯ, ಬೊಮ್ಮಣ್ಣ. ರಾಷ್ಟ್ರಕೂಟರ ಕೃಷ್ಣ ದೊರೆಯನ್ನು ಶಾಸನಗಳು ಕನ್ನರ ಅನ್ನುತ್ತವೆ. ಹೊಯ್ಸಳ ವಿಷ್ಣುವರ್ಧನನ ಮೊದಲ ಹೆಸರು ಬಿಟ್ಟಿದೇವ. ಬಿಟ್ಟಿ ಅಂದರೆ ವಿಷ್ಣುವೇ, ಕನ್ನಡದ ವಿಷ್ಣು. ಒಂದು ಕಾಲದಲ್ಲಿ ರಾಜರಿಗೇ ಸಾಕಾಗಿದ್ದ ಹೆಸರು ನಮಗೆ ಯಾಕೆ ಸಣ್ಣದು ಅನ್ನಿಸಬೇಕು? ಇವತ್ತು ಬಿಟ್ಟಿ ಅಂತ ಇಡೋಕೆ ಆಗಲ್ಲ, ಸುಮ್ನೆ ಸಿಕ್ಕಿದ್ದು ಅನ್ನುವ ಅರ್ಥ ಬಂದುಬಿಟ್ಟಿದೆ. ಆದರೆ ರನ್ನ, ಕನ್ನರ, ಬಸವ ಯಾವ ಕಾಲಕ್ಕೂ ನಿಲ್ಲುವ ಹೆಸರುಗಳು.

ಈ ಗುಂಪಿನಲ್ಲಿ 'ಸಿರಿ' ನನ್ನ ಪಟ್ಟಿಯ ತುದಿಯಲ್ಲಿತ್ತು. ಶ್ರೀ ಕನ್ನಡದಲ್ಲಿ ಸಿರಿ ಆಯ್ತು. ಸಂಪತ್ತು, ಸೊಗಸು, ಸಮೃದ್ಧಿ ಎಲ್ಲ ಆ ಎರಡಕ್ಷರದಲ್ಲಿ ಬರುತ್ತೆ. ತುಳುನಾಡಿನಲ್ಲಿ ಸಿರಿ ಅಂದರೆ ಪಾಡ್ದನದ, ಅಂದರೆ ತುಳು ಜನಪದ ಕಥೆಹಾಡಿನ ನಾಯಕಿ. ಅವಳ ಹೆಸರಲ್ಲಿ ಇವತ್ತಿಗೂ ಸಿರಿ ಜಾತ್ರೆ ನಡೆಯುತ್ತೆ, ಹೆಂಗಸರು ಅವಳನ್ನು ಮೈಮೇಲೆ ತಂದುಕೊಳ್ಳುತ್ತಾರೆ. ದೂರದ ನಾರ್ವೆ, ಸ್ವೀಡನ್ನಿನಲ್ಲೂ ಸಿರಿ ಇದ್ದಾಳೆ. ಅಲ್ಲಿ ಅದು ಸಿಗ್ರಿಡ್ ಅನ್ನುವ ಹಳೇ ಹೆಸರಿನ ಚಿಕ್ಕ ರೂಪ, ಅರ್ಥ ಗೆಲುವು ಮತ್ತು ಚೆಲುವು. ಹೊರದೇಶಕ್ಕೂ ಆಯ್ತು, ನಮ್ಮ ನೆಲಕ್ಕೂ ಆಯ್ತು, ಇನ್ನೇನು ಬೇಕು ಅಂದುಕೊಂಡೆ. ತಮ್ಮ ತಲೆ ಅಲ್ಲಾಡಿಸಿದ. 2011ರಲ್ಲಿ ಆಪಲ್ ಕಂಪನಿ ತನ್ನ ಫೋನಿನೊಳಗೆ ತಂದ ಸಹಾಯಕಿಯ ಹೆಸರೂ ಇದೇ. "ಅಕ್ಕ, ನನ್ನ ಮಗಳನ್ನ ಕರೆದಾಗೆಲ್ಲ ಯಾರದೋ ಫೋನು 'ಏನು ಬೇಕಿತ್ತು' ಅನ್ನುತ್ತೆ. ಸ್ಕೂಲಲ್ಲಿ ಮಕ್ಕಳು ಅವಳಿಗೆ ಆರ್ಡರ್ ಮಾಡ್ತಾರೆ" ಅಂದ. ಬೇಜಾರಾಯ್ತು, ಆದರೆ ಅವನ ಮಾತು ಸರಿ ಇತ್ತು. ಸಿರಿಯನ್ನು ಬಿಡೋಕೆ ಮನಸ್ಸಿಲ್ಲದವರು ಸಿರಿಗನ್ನಡದ ಹಾಗೆ ಜೋಡಿಸಿ ಇಡಬಹುದು: ಹೊನ್ನಸಿರಿ, ಸಿರಿಮಲ್ಲಿಗೆ, ಐಸಿರಿ. ಆಗ ಫೋನಿನ ಕಾಟ ಇಲ್ಲ.

ಕನ್ನಡದ ಹೆಸರಿನ ತೊಂದರೆ ಅಂದರೆ ಒಂದೇ. ಹೊರ ರಾಜ್ಯದವರಿಗೆ, ಹೊರದೇಶದವರಿಗೆ ಅರ್ಥ ಬಿಡಿಸಿ ಹೇಳಬೇಕು. 'ಇಬ್ಬನಿ' ಅಂದರೆ ದೆಹಲಿಯಲ್ಲಿ ಯಾರಿಗೂ ಗೊತ್ತಿಲ್ಲ. ಆದರೆ ಮಗು ತನ್ನ ಹೆಸರಿನ ಅರ್ಥವನ್ನು ತನ್ನದೇ ಮಾತಿನಲ್ಲಿ, ಒಂದೇ ವಾಕ್ಯದಲ್ಲಿ ಹೇಳುತ್ತೆ. ಅದು ದೊಡ್ಡ ಲಾಭ.

ಸಂಸ್ಕೃತದ ಹೆಸರು

ನಮ್ಮಲ್ಲಿ ಬಹಳಷ್ಟು ಮನೆಗಳು ಇಲ್ಲಿಗೇ ಬಂದು ನಿಲ್ಲುತ್ತವೆ. ಕಾರಣವೂ ಇದೆ. ಕಾಶಿಯಿಂದ ಕನ್ಯಾಕುಮಾರಿವರೆಗೆ ಜನಕ್ಕೆ ಗೊತ್ತಾಗುತ್ತೆ, ಆಯ್ಕೆಗೆ ಕೊನೆಯೇ ಇಲ್ಲ. ಅರ್ಜುನ ಅಂದರೆ ಬಿಳುಪು, ಕೃಷ್ಣ ಅಂದರೆ ಕಪ್ಪು. ದ್ರೌಪದಿಗೂ ಕೃಷ್ಣಾ ಅಂತ ಹೆಸರು. ನಮ್ಮ ಹಳ್ಳಿಯ ಕರಿಯಪ್ಪನಿಗೂ ದ್ವಾರಕೆಯ ಕೃಷ್ಣನಿಗೂ ಅರ್ಥದಲ್ಲಿ ಏನೂ ವ್ಯತ್ಯಾಸ ಇಲ್ಲ. ಬಣ್ಣದ ಹೆಸರಿಟ್ಟರೆ ಮಗುವಿಗೆ ಅವಮಾನ ಅನ್ನುವವರು ಇದನ್ನು ನೆನಪಿಟ್ಟುಕೊಳ್ಳಬೇಕು.

ಕುವೆಂಪು ಅವರ ಸ್ವಂತ ಹೆಸರು ಪುಟ್ಟಪ್ಪ, ಎಷ್ಟು ಸರಳ ಕನ್ನಡ. ಮಕ್ಕಳಿಗೆ ಮಾತ್ರ ಅವರು ಪೂರ್ಣಚಂದ್ರ ತೇಜಸ್ವಿ, ಕೋಕಿಲೋದಯ ಚೈತ್ರ, ಇಂದುಕಲಾ, ತಾರಿಣಿ ಅಂತ ಇಟ್ಟರು. ಒಂದೊಂದು ಹೆಸರೂ ಒಂದು ಕವಿತೆ. ಆದರೂ ನಾಡು ಪೂರ್ಣಚಂದ್ರನನ್ನು ಕರೆದಿದ್ದು ತೇಜಸ್ವಿ ಅಂತ. ಉದ್ದ ಹೆಸರು ಇಡಿ, ತಪ್ಪಿಲ್ಲ. ಅದರ ಯಾವ ತುಂಡು ಉಳಿಯುತ್ತೆ ಅಂತ ಮೊದಲೇ ಯೋಚಿಸಿ ಇಡಿ.

ನಕ್ಷತ್ರದ ಅಕ್ಷರದ ಮೇಲೆ ಹೆಸರಿಡುವ ಮನೆಗಳಲ್ಲಿ ಆಯ್ಕೆ ಬಹಳ ಕಿರಿದಾಗುತ್ತೆ. ಇಪ್ಪತ್ತೇಳು ನಕ್ಷತ್ರ, ಒಂದೊಂದಕ್ಕೆ ನಾಲ್ಕು ಪಾದ, ಒಟ್ಟು 108 ಅಕ್ಷರ. ಆರಿದ್ರಾ ನಕ್ಷತ್ರದ ಮೂರನೇ ಪಾದಕ್ಕೆ ಬರೋದು 'ಙ'. ಙ ಅಕ್ಷರದಿಂದ ಯಾವ ಹೆಸರು ಶುರುವಾಗುತ್ತೆ ಹೇಳಿ? ಉತ್ತರಾಭಾದ್ರದವರಿಗೆ 'ಞ' ಕಾದಿರುತ್ತೆ. ಇಂಥ ಕಡೆ ತೊಟ್ಟಿಲಿನಲ್ಲಿ ಜನ್ಮನಾಮ ಒಂದು ಹೇಳಿ, ಕರೆಯೋಕೆ ಇನ್ನೊಂದು ಇಡುವ ಪದ್ಧತಿ ಮೊದಲಿಂದಲೂ ಇದೆ. ಅದನ್ನು ಬಳಸಿಕೊಳ್ಳಿ. ಅಕ್ಷರ ಹೊಂದಿಸೋಕೆ ಅಂತ ಅರ್ಥವೇ ಇಲ್ಲದ ಪದ ಹುಟ್ಟಿಸಬೇಡಿ.

ಈ ಗುಂಪಿನಲ್ಲಿ ಎಚ್ಚರ ಬೇಕಾಗಿರೋದು ಅಲ್ಲೇ. ಮೊಬೈಲಿನಲ್ಲಿ ಸಿಗುವ ಪಟ್ಟಿಗಳು ಎಲ್ಲ ಹೆಸರಿಗೂ 'ಲಕ್ಷ್ಮಿ', 'ದುರ್ಗೆ', 'ಸೂರ್ಯನ ಕಿರಣ' ಅಂತ ಅರ್ಥ ಬರೆದಿರುತ್ತವೆ. ತನ್ವಿ ಅಂದರೆ ದೇವಿ ಅಲ್ಲ, ತೆಳ್ಳಗೆ ಇರುವವಳು. ಚೆಂದದ ಪದವೇ, ಆದರೆ ಗೊತ್ತಿದ್ದು ಇಡಬೇಕು. ಅರ್ಥವನ್ನು ಪಟ್ಟಿಯಲ್ಲಿ ನೋಡಬೇಡಿ, ನಿಘಂಟಿನಲ್ಲಿ ನೋಡಿ. ಊರಿನ ಸಂಸ್ಕೃತದ ಮೇಷ್ಟ್ರನ್ನು ಕೇಳಿ. ಹತ್ತು ನಿಮಿಷದ ಕೆಲಸ.

ದೇವರ ಹೆಸರು, ಊರಿನ ಹೆಸರು

ಒಂದು ಹೆಸರು ಕೇಳಿದ ಕೂಡಲೇ ಊರು ಗೊತ್ತಾಗೋದು ಇಲ್ಲಿ. ಕೊಟ್ರೇಶ ಅಂದರೆ ಕೊಟ್ಟೂರು ಕಡೆ. ಗವಿಸಿದ್ದಪ್ಪ ಅಂದರೆ ಕೊಪ್ಪಳ. ಮಾದೇಶ ಅಂದರೆ ಮಾದಪ್ಪನ ಬೆಟ್ಟದ ಒಕ್ಕಲು. ಹುಲಿಗೆಮ್ಮ, ಬನಶಂಕರಿ, ಚೆಲುವರಾಜು, ಕಾವೇರಮ್ಮ ಎಲ್ಲ ಹಾಗೇ. ಫಕೀರಪ್ಪ ಅಂದರೆ ಶಿರಹಟ್ಟಿ ಫಕೀರೇಶ್ವರನ ಭಕ್ತರ ಮನೆ. ಫಕೀರ ಅರಬ್ಬಿ, ಅಪ್ಪ ಕನ್ನಡ. ಎರಡೂ ಒಂದೇ ಉಸಿರಿನಲ್ಲಿ ಕೂತಿವೆ. ಉತ್ತರ ಕರ್ನಾಟಕದ ಹುಸೇನಪ್ಪನೂ ಅಂಥದ್ದೇ.

ನಂಜುಂಡ ಅನ್ನುವ ಹೆಸರನ್ನು ಸ್ವಲ್ಪ ನಿಧಾನವಾಗಿ ನೋಡಿ. ನಂಜು ಉಂಡವನು. ಹಾಲಾಹಲ ಕುಡಿದ ಶಿವನಿಗೆ ಸಂಸ್ಕೃತದಲ್ಲಿ ನೀಲಕಂಠ, ವಿಷಕಂಠ ಅಂದರು. ಅಲ್ಲಿ ಕಾಣೋದು ಕೊರಳು. ಕನ್ನಡದವರು ಕಂಡಿದ್ದು ಊಟವನ್ನು. ಅನ್ನ ಉಂಡ ಹಾಗೆ ಲೋಕದ ವಿಷವನ್ನು ಉಂಡ. ಇಷ್ಟು ದೊಡ್ಡ ಮಾತನ್ನು ಮೂರಕ್ಷರದಲ್ಲಿ ಹೇಳಿದ ಹೆಸರನ್ನು ಹಳೇದು ಅಂತ ಬಿಡುತ್ತಿದ್ದೇವಲ್ಲ ಅಂತ ಸಂಕಟ ಆಗುತ್ತೆ.

ಹುಟ್ಟಿದ ವಾರದ ಹೆಸರೂ ಇದೆ. ತುಳುನಾಡಿನಲ್ಲಿ ಐತ, ಅಂಗಾರ, ಬೂದ, ಗುರುವ, ತುಕ್ರ, ತನಿಯ. ಭಾನುವಾರದವನು ಐತ, ಶುಕ್ರವಾರದವನು ತುಕ್ರ, ಶನಿವಾರದವನು ತನಿಯ. ಕೊರಗಜ್ಜನ ಮೊದಲ ಹೆಸರು ಕೊರಗ ತನಿಯ. ಸಾವಿರಾರು ಮೈಲಿ ದೂರದ ಘಾನಾ ದೇಶದ ಅಕಾನ್ ಜನರಲ್ಲೂ ಇದೇ ಪದ್ಧತಿ. ಶುಕ್ರವಾರ ಹುಟ್ಟಿದ ಗಂಡು ಕೋಫಿ, ಶನಿವಾರದವನು ಕ್ವಾಮೆ. ವಿಶ್ವಸಂಸ್ಥೆಯ ಮುಖ್ಯಸ್ಥರಾಗಿದ್ದ ಕೋಫಿ ಅನ್ನಾನ್ ನಮ್ಮ ಕಡೆ ಹುಟ್ಟಿದ್ದರೆ ತುಕ್ರ ಆಗುತ್ತಿದ್ದರು. ಅಲ್ಲಿ ಆ ಹೆಸರು ವಿಶ್ವಸಂಸ್ಥೆವರೆಗೆ ಹೋಯ್ತು. ಇಲ್ಲಿ ಜಾತಿಯ ಗುರುತು ಅಂತ ಜನ ಬಿಟ್ಟರು. ಬಿಟ್ಟವರ ತಪ್ಪಲ್ಲ, ಆ ಹೆಸರು ಹಿಡಿದು ಹೀಯಾಳಿಸಿದವರ ತಪ್ಪು.

ಇಡಬಾರದು ಅನ್ನಿಸಿದ ಹೆಸರು

ಮಕ್ಕಳು ಉಳಿಯದ ಮನೆಯಲ್ಲಿ ಹುಟ್ಟಿದ ಕೂಸನ್ನು ತಿಪ್ಪೆ ಮೇಲೆ ಹೊರಳಿಸಿ ತಿಪ್ಪಯ್ಯ ಅನ್ನುತ್ತಿದ್ದರು. ತಿರುಕಪ್ಪ, ಹುಚ್ಚಮ್ಮ, ಗುಂಡ ಎಲ್ಲ ಸಾವಿನ ಕಣ್ಣು ತಪ್ಪಿಸೋಕೆ ಇಟ್ಟ ಹೆಸರು. ಅದರ ಹಿಂದೆ ಇರೋದು ಪ್ರೀತಿ ಮತ್ತು ಭಯ. ಚಿತ್ರದುರ್ಗ ಜಿಲ್ಲೆಯ ತಿಪ್ಪೇಸ್ವಾಮಿಗಳ ಹೆಸರಿನ ಹಿಂದೆ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯೂ ಇದ್ದಾರೆ. ಅಂಥ ಹಿರಿಯರ ಹೆಸರನ್ನು ಗೌರವದಿಂದ ಮುಂದುವರಿಸುವವರಿಗೆ ನನ್ನ ನಮಸ್ಕಾರ.

ಆದರೆ 'ಸಾಕಮ್ಮ' ಎರಡು ತರಹ. ಸಾಕಿ ಬೆಳೆಸಿದ್ದಕ್ಕೆ ಸಾಕಮ್ಮ ಆದರೆ ಚೆಂದ. ಹೆಣ್ಣು ಇನ್ನು ಸಾಕು ಅಂತ ಇಟ್ಟಿದ್ದರೆ ಅದು ಹುಟ್ಟಿದ ದಿನವೇ ಕೊಟ್ಟ ಪೆಟ್ಟು. ಮಹಾರಾಷ್ಟ್ರದ ಸಾತಾರಾದಲ್ಲಿ 'ನಕುಶಾ', ಅಂದರೆ ಬೇಡವಾದವಳು, ಅಂತ ಹೆಸರಿದ್ದ 285 ಹೆಣ್ಣುಮಕ್ಕಳಿಗೆ 2011ರಲ್ಲಿ ಸರ್ಕಾರದ ಕಡೆಯಿಂದಲೇ ಹೊಸ ಹೆಸರು ಕೊಟ್ಟರು. ಆ ಮಕ್ಕಳು ತಮ್ಮ ಹೆಸರು ತಾವೇ ಆರಿಸಿಕೊಂಡು ಹೇಳುವಾಗ ಹೇಗಿತ್ತೋ ಅಂತ ನಾನು ಎಷ್ಟೋ ಸಲ ಯೋಚಿಸಿದ್ದೇನೆ.

ಅರಬ್ಬಿ, ಪಾರ್ಸಿ, ಬೈಬಲ್ಲಿನ ಹೆಸರು

ಯಾಸ್ಮೀನ್ ಪಾರ್ಸಿಯ ಮಲ್ಲಿಗೆ. ಶಿರೀನ್ ಅಂದರೆ ಸಿಹಿ. ನೂರ್ ಅಂದರೆ ಬೆಳಕು, ಆಯಿಷಾ ಅಂದರೆ ಬದುಕುಳ್ಳವಳು. ಅಬ್ದುಲ್ ಅನ್ನುವುದನ್ನು ಮಾತ್ರ ತುಂಡು ಮಾಡಬೇಡಿ. ಅಬ್ದುಲ್ ಕರೀಂ ಅಂದರೆ ಉದಾರಿಯಾದ ದೇವರ ದಾಸ. ಬರೀ ಅಬ್ದುಲ್ ಅಂದರೆ ಬರೀ 'ದಾಸ' ಅಂದ ಹಾಗೆ, ಯಾರ ದಾಸ ಅನ್ನೋದು ಬಿಟ್ಟುಹೋಗುತ್ತೆ. ಕನಕದಾಸರಲ್ಲಿ, ಪುರಂದರದಾಸರಲ್ಲಿ ಇರುವ ಭಾವವೇ ಇದು. ಅರ್ಜಿಗಳಲ್ಲಿ ಅಬ್ದುಲ್ ಅನ್ನು ಒಂದು ಕಡೆ, ಕರೀಂ ಅನ್ನು ಇನ್ನೊಂದು ಕಡೆ ಬರೆದು ಕೆಡಿಸುವವರು ಬಹಳ. ಅದನ್ನು ಒಂದೇ ಪದ ಮಾಡಿ ಬರೆಸೋದು ಒಳ್ಳೇದು.

ಬೈಬಲ್ಲಿನ ಹೆಸರುಗಳ ಗುಣ ಅಂದರೆ ಹೋದ ಊರಿನ ಬಟ್ಟೆ ಹಾಕಿಕೊಳ್ಳುತ್ತವೆ. ಹೀಬ್ರೂವಿನ ಯೋಹಾನನ್ ಇಂಗ್ಲಿಷಿನಲ್ಲಿ ಜಾನ್, ರಷ್ಯದಲ್ಲಿ ಇವಾನ್, ಫ್ರಾನ್ಸಿನಲ್ಲಿ ಜಾನ್‌ಗೆ ಹತ್ತಿರದ ಝಾಂ, ಐರ್ಲೆಂಡಿನಲ್ಲಿ ಶಾನ್, ಅರಬ್ಬಿಯಲ್ಲಿ ಯಹ್ಯಾ. ಮಂಗಳೂರಿನ ಕೊಂಕಣಿ ಕ್ರೈಸ್ತರ ಮನೆಯಲ್ಲಿ ಪೋರ್ಚುಗೀಸರ ಮೂಲಕ ಬಂದು ಜುವಾಂವ್. ಜೋಸೆಫ್ ಅಲ್ಲಿ ಜುಜೆ, ಪೀಟರ್ ಅಲ್ಲಿ ಪೆದ್ರು. ಚರ್ಚಿನ ಪುಸ್ತಕದಲ್ಲಿ ಒಂದು, ಅಂಗಳದಲ್ಲಿ ಇನ್ನೊಂದು. ಅಂಗಳದ್ದು ನಿಜವಾದ ಹೆಸರು ಅಂತ ನನ್ನ ನಂಬಿಕೆ.

ಎರಡು ದೇಶಕ್ಕೆ ಒಂದೇ ಹೆಸರು

ತಮ್ಮನಿಗೆ ಬೇಕಾಗಿದ್ದು ಇದು. ಕೆಲವು ಹೆಸರು ನಿಜವಾಗಲೂ ಎರಡು ಕಡೆ ನಿಲ್ಲುತ್ತವೆ. ಮಾಯಾ ಬುದ್ಧನ ತಾಯಿ, ಗ್ರೀಕ್ ಪುರಾಣದಲ್ಲಿ ಹರ್ಮೀಸನ ತಾಯಿ. ತಾರಾ ಇಲ್ಲಿ ನಕ್ಷತ್ರ, ಐರ್ಲೆಂಡಿನಲ್ಲಿ ಹಳೇ ರಾಜರ ಗುಡ್ಡ. ಸಮೀರ ಸಂಸ್ಕೃತದಲ್ಲಿ ಗಾಳಿ, ಅರಬ್ಬಿಯಲ್ಲಿ ರಾತ್ರಿ ಹೊತ್ತು ಮಾತಿಗೆ ಜೊತೆಯಾಗುವ ಗೆಳೆಯ. ಲೀಲಾ ನಮಗೆ ಆಟ, ಅರಬ್ಬಿಯ ಲೈಲಾ ರಾತ್ರಿ. ನೀಲ್ ಇಲ್ಲಿ ನೀಲಿ ಬಣ್ಣ, ಅಲ್ಲಿ ಐರಿಷ್ ರಾಜರ ನಿಯಾಲ್ ಅನ್ನುವ ಹೆಸರಿನ ಮರಿ. ಅನಿತಾ ಸ್ಪೇನಿನ ಪುಟ್ಟ ಆನಾ, ಸೋನಿಯಾ ರಷ್ಯದ ಸೋಫಿಯಾ, ಅರ್ಥ ಜ್ಞಾನ. ಇವೆರಡೂ ನಮ್ಮವೇ ಅನ್ನುವಷ್ಟು ಬೆರೆತುಹೋಗಿವೆ.

ಆದರೆ ಕೇಳೋಕೆ ಒಂದೇ ಅಂತ ಅರ್ಥವೂ ಒಂದೇ ಅಂದುಕೊಳ್ಳಬೇಡಿ. ಕಿರಣ್ ನಮಗೆ ಬೆಳಕಿನ ಎಳೆ. ಅದೇ ತರಹ ಕೇಳಿಸುವ ಐರಿಷ್ ಹೆಸರು ಕಿಯೆರನ್, ಅದರ ಅರ್ಥ ಪುಟ್ಟ ಕರಿಯ. ಕಿಯಾರಾ ಕಥೆಯೂ ಅಷ್ಟೇ. ಇಟಲಿಯಲ್ಲಿ ಅದು ಬೆಳಗುವವಳು, ಲ್ಯಾಟಿನ್ನಿನ ಕ್ಲಾರಾದಿಂದ ಬಂದದ್ದು. ಐರಿಷ್ ಮೂಲದ್ದಾದರೆ ಕಪ್ಪು ಹುಡುಗಿ. ಎರಡೂ ಒಳ್ಳೆ ಅರ್ಥಗಳೇ. ತಮ್ಮನ ಹೆಂಡತಿಗೂ ಹಾಗೇ ಹೇಳಿದೆ. ನನಗೆ ಅನುಮಾನ ಇದ್ದದ್ದು ಬೇರೆ ಕಡೆ. ಅಮ್ಮನಿಗೆ ಹಿತ್ತಲ ಬಾಗಿಲಲ್ಲಿ ನಿಂತು ಒಂದು ಸಲ ಕೂಗಿ ನೋಡು ಅಂದೆ. ಮೊದಲ ಸಲ ಕಿಯಾರ. ಎರಡನೇ ಸಲ ಕ್ಯಾರ. ಮೂರನೇ ಸಲ 'ಕ್ಯಾರೇ' ಅಂತ ಬಂತು. ತಮ್ಮನ ಹೆಂಡತಿಯೇ ನಕ್ಕುಬಿಟ್ಟಳು.

ಈ ಕೂಗುವ ಪರೀಕ್ಷೆ ನೀವೂ ಮಾಡಿ. ಮನೆಯಲ್ಲಿ ಮಗುವನ್ನು ಹೆಚ್ಚು ಹೊತ್ತು ನೋಡಿಕೊಳ್ಳುವವರು ಯಾರೋ ಅವರಿಂದ ಕೂಗಿಸಿ. ಹೆಸರಿನ ಕೊನೆಗೆ ಅಮ್ಮ, ಅಕ್ಕ, ಅಣ್ಣ, ಅಪ್ಪ ಸೇರಿಸಿ ನೋಡಿ. ನಮ್ಮ ಕಡೆ ಇಂದಲ್ಲ ನಾಳೆ ಯಾರಾದರೂ ಸೇರಿಸಿಯೇ ಸೇರಿಸುತ್ತಾರೆ.

ಬರೆಸುವಾಗ

ಇಂಗ್ಲಿಷಿನಲ್ಲಿ ಬರೆದಾಗ ರಾಮ, ರಮ, ರಮಾ ಮೂರೂ ಒಂದೇ ತರಹ ಕಾಣುತ್ತವೆ. ಕಮಲ್ ಮತ್ತು ಕಮಾಲ್ ಕೂಡ. ಒಂದು ತಾವರೆ, ಇನ್ನೊಂದು ಅರಬ್ಬಿಯಲ್ಲಿ ಪೂರ್ಣತೆ. ನನ್ನ ಹೆಸರು ಲತಾ. ಮಾರ್ಕ್ಸ್ ಕಾರ್ಡಿನಲ್ಲಿ 'ಎಚ್' ಇದೆ, ಇನ್ನೊಂದು ದಾಖಲೆಯಲ್ಲಿ ಇಲ್ಲ. ಆ ಒಂದು ಅಕ್ಷರಕ್ಕೆ ಅಫಿಡವಿಟ್ ಮಾಡಿಸಿ, ಮೂರು ಸಲ ಕಚೇರಿಗೆ ಅಲೆದಿದ್ದೇನೆ. ಮೊದಲ ದಿನವೇ ಒಂದು ಸ್ಪೆಲ್ಲಿಂಗ್ ಗಟ್ಟಿ ಮಾಡಿಕೊಂಡು, ಎಲ್ಲ ಕಡೆ ಅದನ್ನೇ ಬರೆಸಿ.

ಇನಿಷಿಯಲ್ ಬಗ್ಗೆಯೂ ಯೋಚಿಸಿ. ನಮ್ಮಲ್ಲಿ ಊರಿನ ಹೆಸರು, ತಂದೆಯ ಹೆಸರು ಮುಂದೆ ಬರುತ್ತವೆ: ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ. ಹೊರದೇಶದಲ್ಲಿ ಅಪ್ಪನ ಹೆಸರನ್ನೇ ಸರ್‌ನೇಮ್ ಮಾಡಿ ಮಗಳನ್ನು ಅದರಿಂದ ಕರೆಯುತ್ತಾರೆ. ಐಸ್‌ಲೆಂಡಿನಲ್ಲಾದರೆ ನಮಗೆ ಮನೆಗೆ ಹೋದ ಹಾಗಿರುತ್ತೆ. ಅಲ್ಲಿನ ಗಾಯಕಿ ಬಿಯರ್ಕ್ ಅವರ ಎರಡನೇ ಹೆಸರಿನ ಅರ್ಥ 'ಗುಡ್ಮುಂಡನ ಮಗಳು' ಅಂತ, ಅಷ್ಟೇ. ಫೋನ್ ಡೈರೆಕ್ಟರಿಯನ್ನೂ ಅಲ್ಲಿ ಸ್ವಂತ ಹೆಸರಿನ ಮೇಲೆ ಜೋಡಿಸುತ್ತಿದ್ದರು. ಪಾಸ್‌ಪೋರ್ಟಿಗೆ ಮುಂಚೆ ಇನಿಷಿಯಲ್ ಬಿಡಿಸಿ ಬರೆಸಿಟ್ಟರೆ ಒಳ್ಳೇದು.

ಅವಸರ ಮಾಡಬೇಡಿ. ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ನಿಜ. ಹೆಸರನ್ನು ಮಾತ್ರ ಹನ್ನೆರಡು ತಿಂಗಳವರೆಗೆ ಶುಲ್ಕ ಇಲ್ಲದೆ ಸೇರಿಸಬಹುದು. ಆಮೇಲೂ ತಡದ ಶುಲ್ಕ ಕಟ್ಟಿ 15 ವರ್ಷದವರೆಗೆ ಅವಕಾಶ ಇದೆ. ಆಸ್ಪತ್ರೆಯ ಬಾಗಿಲಲ್ಲಿ ನಿಂತು ಗಾಬರಿಯಲ್ಲಿ ಹೆಸರು ಬರೆಸುವ ಅಗತ್ಯ ಇಲ್ಲ.

ಅಜ್ಜಿಯ ಹೆಸರು

ಹಿರಿಯರ ಹೆಸರನ್ನು ಹಾಗೇ ಇಟ್ಟರೆ ಒಂದು ಕಷ್ಟ ಇದೆ. ಸೊಸೆ ಅತ್ತೆಯ ಹೆಸರು ಹೇಳುವ ಹಾಗಿಲ್ಲ, ಅದೇ ಹೆಸರಿನ ಮಗುವನ್ನು ಬೈಯುವ ಹಾಗೂ ಇಲ್ಲ. ಅದಕ್ಕೇ ಎಷ್ಟೋ ಮನೆಗಳಲ್ಲಿ ಅಂಥ ಮಕ್ಕಳು 'ಪುಟ್ಟಜ್ಜಿ', 'ಅಮ್ಮಯ್ಯ' ಆಗಿ ಬೆಳೆಯುತ್ತಾರೆ. ನಮ್ಮಮ್ಮ ಅತ್ತೆಯ ಹೆಸರನ್ನು ಬಾಯಿಬಿಟ್ಟು ಹೇಳಿದ್ದನ್ನು ನಾನು ಕೇಳಿರಲಿಲ್ಲ. ಮುತ್ತಿನ ಸರಕ್ಕೆ 'ಬಿಳಿ ಮಣಿ ಸರ' ಅನ್ನುತ್ತಿದ್ದಳು. ಮುತ್ತುಗದ ಎಲೆಗೆ 'ಊಟದೆಲೆ'. ಮೊಮ್ಮಗಳಿಗೆ ಆ ಹೆಸರು ಬೇಕು ಅಂದಾಗಲೂ "ನಿಮ್ಮಜ್ಜಿ ಹೆಸರು" ಅಂದಳೇ ಹೊರತು ಹೆಸರು ಹೇಳಲಿಲ್ಲ.

ನೋಟ್‌ಬುಕ್ಕಿನಲ್ಲಿ ಕೊನೆಗೆ ಉಳಿದದ್ದು ಮೂರು: ಮುಕ್ತಾ, ಐಸಿರಿ, ಮುತ್ತು. ಮುಕ್ತಾ ಎಲ್ಲ ಕಡೆ ನಡೆಯುತ್ತೆ, ಕಾಗದದ ಮೇಲೆ ಅಚ್ಚುಕಟ್ಟು. ಅದನ್ನೇ ಇಡೋಣ ಅಂತ ಹೇಳೋಕೆ ತಮ್ಮನ ಮನೆಗೆ ಹೋಗಿದ್ದೆ. ಒಳಗೆ ಅವನ ಹೆಂಡತಿ ಮಗುವಿಗೆ ಎಣ್ಣೆ ಹಚ್ಚುತ್ತಿದ್ದಳು. "ಯಾಕೋ ಮುತ್ತೂ, ಯಾಕಮ್ಮ ಮುತ್ತೂ" ಅನ್ನುತ್ತಿದ್ದಳು. ಎರಡು ತಿಂಗಳಿಂದ ಹಾಗೇ ಕರೆಯುತ್ತಿದ್ದಳಂತೆ, ಅವಳಿಗೇ ಗಮನ ಇಲ್ಲ. ಮಗು ಆ ಸದ್ದಿಗೆ ಆಗಲೇ ತಿರುಗಿ ನೋಡುತ್ತಿತ್ತು.

ತೊಟ್ಟಿಲ ದಿನ ಕಿವಿಯಲ್ಲಿ ಮೂರು ಸಲ ಮುತ್ತು ಅಂದೆ. ಅರ್ಜಿಯಲ್ಲಿ ಎರಡು 'ಟಿ' ಹಾಕಿಸಿದ್ದೇವೆ, 'ಎಚ್' ಇಲ್ಲ. ಅಮ್ಮ ಮೊದಲ ವಾರ 'ಪಾಪು' ಅಂತಲೇ ಓಡಿಸಿದಳು. ಮೊನ್ನೆ ತಮ್ಮ ಸಂತೆಯಿಂದ ಎಲೆಯ ಕಟ್ಟು ತಂದು ಜಗಲಿ ಮೇಲೆ ಇಟ್ಟ. ಅಮ್ಮ ಒಂದು ಎಲೆ ಎತ್ತಿ ಬೆಳಕಿಗೆ ಹಿಡಿದು ನೋಡಿ ಕೇಳಿದಳು: "ಮುತ್ತುಗದ ಎಲೆ ಎಷ್ಟಕ್ಕೆ ತಂದ್ಯೋ?"